ಕೌದಿಯೊಳಗೆ ಬೆಂದ ಆಲೂಗಡ್ಡೆ

ಸದ್ದು ಮಾಡದೆ ರೊಟ್ಟಿ ಬಡಿಯುವುದನ್ನು ನಾನು ಕಲಿತದ್ದು ಬೆಂಗಳೂರಿಗೆ ಬಂದ ಮೇಲೆ. ನೀವು ನಗುತ್ತೀರಿ, ಗೊತ್ತು. ನಮ್ಮ ಗದಗ ಸೀಮೆಯಲ್ಲಿ ಬೆಳಗಾಯಿತೆಂದು ತಿಳಿಯುವುದೇ ಓಣಿಯ ತುಂಬ ಏಳುವ ಆ ಪಟಪಟ ಸದ್ದಿನಿಂದ. ಇಲ್ಲಿ ವಿಜಯನಗರದ ಪಕ್ಕದ ಮಾರೇನಹಳ್ಳಿಯ ಮಹಡಿ ಮನೆಯಲ್ಲಿ ನಾನು ಕಿಟಕಿ ಮುಚ್ಚಿ, ಬಾಗಿಲಿಗೆ ಚಿಲಕ ಹಾಕಿ, ರೊಟ್ಟಿ ಕಲ್ಲಿನ ಕೆಳಗೆ ಕೌದಿಯನ್ನು ನಾಲ್ಕು ಮಡಿಕೆ ಮಾಡಿ ಹಾಸಿ, ಕಳ್ಳಿಯ ಹಾಗೆ ರೊಟ್ಟಿ ಬಡಿಯುತ್ತಿದ್ದೆ. ಅಂಥ ಒಂದು ಬೆಳಿಗ್ಗೆ ಕೆಳಗಿನಿಂದ ಕೂಗು ಬಂತು.

“ಗಂಗಮ್ಮಾ! ಏ ಗಂಗಮ್ಮಾ! ಬಾ ಕೆಳಕ್ಕೆ!”

ಹಿಟ್ಟಿನ ಕೈ ಗಾಳಿಯಲ್ಲೇ ನಿಂತಿತು. ಸಿಕ್ಕಿಬಿದ್ದೆ ಅಂದುಕೊಂಡೆ.

ಕೂಗಿದವರು ಪುಟ್ಟಮ್ಮನವರು, ನಮ್ಮ ಓನರ್. ಬಾಡಿಗೆಗೆ ಕೊಟ್ಟ ಮನೆಯ ಯಜಮಾನರಿಗೆ ಇಲ್ಲಿ ಹೀಗನ್ನುತ್ತಾರೆ, ಹೆಂಗಸರಿಗೂ ಅದೇ ಮಾತು. ಈ ಮನೆ ಸಿಗುವ ಮುಂಚೆ ನಾವು ಗಂಡ ಹೆಂಡತಿ ಮೂಡಲಪಾಳ್ಯದಿಂದ ಹಿಡಿದು ಶ್ರೀಗಂಧದ ಕಾವಲಿನ ತನಕ ಚಪ್ಪಲಿ ಸವೆಸಿದ್ದೆವು. ಕೊನೆಗೆ ಪುಟ್ಟಮ್ಮನವರು ನನ್ನ ಹಣೆಯ ಮೇಲಿನ ವಿಭೂತಿ ನೋಡಿ, “ದೇವ್ರು ದಿಂಡ್ರು ಅನ್ನೋ ಜನ, ಬನ್ನಿ” ಎಂದು ಬೀಗದ ಕೈ ಕೊಟ್ಟರು. ಊರಲ್ಲಿ ಗಂಗವ್ವ ಆಗಿದ್ದವಳು ಅವರ ಬಾಯಲ್ಲಿ ಗಂಗಮ್ಮ ಆದೆ. ಪೂರ್ವಕ್ಕೊಂದು ಕಿಟಕಿ, ಪೂಜೆಗೊಂದು ಗೂಡು, ದಿನ ಬಿಟ್ಟು ದಿನ ನಲ್ಲಿ ನೀರು. ಇಷ್ಟು ಕೊಟ್ಟ ಶಿವನಿಗೆ ದಿನಾ ಕೈ ಮುಗಿದೇ ಒಲೆ ಹಚ್ಚುತ್ತಿದ್ದೆ.

ಆದರೆ ಎರಡು ತಿಂಗಳ ಹಿಂದೆ ಅವರೇ ಮೇಲೆ ಬಂದು ಹೇಳಿದ್ದರು. “ನೋಡಮ್ಮ, ನಮ್ಮತ್ತೆ ಮಲಗೋ ಕೋಣೆ ನಿನ್ನ ಅಡುಗೆಮನೆ ಕೆಳಗೇ ಐತೆ. ಎಂಬತ್ತು ದಾಟಿದ ಜೀವ. ಬೆಳಗಾನೆ ಎದ್ದು ತಲೆ ಮೇಲೆ ಕುಟ್ಟಿದ್ರೆ ಹೆಂಗೆ? ರೊಟ್ಟಿ ನಿಲ್ಸು. ಇಲ್ಲ ಅಂದ್ರೆ ಸಂಕ್ರಾಂತಿ ಆದ್ಮೇಲೆ ಬೇರೆ ಮನೆ ನೋಡ್ಕೋ.”

ನಿಲ್ಲಿಸಿ ನೋಡಿದೆ. ನನ್ನ ಮನೆಯವರು ಕಾರ್ಖಾನೆಯಲ್ಲಿ ನಿಂತು ದುಡಿಯುವವರು. ಅನ್ನ ಉಂಡು ಹೋದರೆ ಶಿಫ್ಟು ಅರ್ಧ ಮುಗಿಯುವುದರೊಳಗೆ ಹೊಟ್ಟೆ ಖಾಲಿ. ಮೂರನೇ ದಿನ ಬುತ್ತಿ ಕೈಗೆತ್ತಿಕೊಳ್ಳುತ್ತ ಅವರು, “ಇವತ್ತೂ ಅನ್ನನ ಏನು?” ಎಂದು ಕೇಳಿದ ದನಿಯನ್ನು ತಡೆದುಕೊಳ್ಳಲು ನನಗಾಗಲಿಲ್ಲ. ಅವತ್ತೇ ಕೌದಿ ಕಲ್ಲಿನ ಕೆಳಗೆ ಹೋಯಿತು. ಹಳೆಯ ಸೀರೆಗಳನ್ನು ಒಂದರ ಮೇಲೊಂದು ಪದರ ಇಟ್ಟು ನನ್ನವ್ವ ಹೊಲಿದ ಹೊದಿಕೆ ಅದು. ಹೊದೆಯುವುದನ್ನು ಕಾಲಡಿ ಹಾಸಿದ ಹಾಗಾಯಿತಲ್ಲ ಎಂದು ದಿನಾ ಮನಸ್ಸಿಗೆ ಚುಚ್ಚುತ್ತಿತ್ತು. ಮೆತ್ತನೆಯ ನೆಲದ ಮೇಲೆ ರೊಟ್ಟಿಯೂ ಸರಿಯಾಗಿ ತಿರುಗುವುದಿಲ್ಲ, ಅಂಚು ಸೀಳುತ್ತದೆ.

ಅವತ್ತಿನ ಆ ಕೂಗಿಗೆ ಕೈ ತೊಳೆದುಕೊಂಡು ಕೆಳಗಿಳಿದೆ. ಪುಟ್ಟಮ್ಮನವರ ಮುಖದಲ್ಲಿ ಸಿಟ್ಟಿರಲಿಲ್ಲ.

“ನಿಂಗೆ ಫಾರಿನ್ನಿಂದ ಪಾರ್ಸಲ್ ಬಂದೈತೆ! ಬಿಚ್ಚು, ಬಿಚ್ಚು!”

ಕಳಿಸಿದವನು ಮಸ್ಕತ್ತಿನಲ್ಲಿ ಡ್ರೈವರಾಗಿರುವ ನನ್ನ ಮೈದುನ. ರಜೆಗೆ ಬಂದ ಗೆಳೆಯನೊಬ್ಬನ ಕೈಯಲ್ಲಿ ಕೊಟ್ಟಿದ್ದ. ಥರ್ಮೋಕೋಲಿನ ನಡುವೆ ಕಂದು ಬಣ್ಣದ ದಪ್ಪ ಪಿಂಗಾಣಿ ಗಡಿಗೆ, ಅದಕ್ಕೊಂದು ತಗಡಿನ ಕವಚ, ಗಾಜಿನ ಮುಚ್ಚಳ, ಹಿಂದೆ ಕರೆಂಟಿನ ಬಾಲ. ಪಿ.ಯು.ಸಿ. ಓದುವ ಪುಟ್ಟಮ್ಮನವರ ಮಗಳು ನಾಗರತ್ನ ಜೊತೆಗಿದ್ದ ಪುಸ್ತಕ ತಿರುವಿ, “ಸ್ಲೋ ಕುಕ್ಕರ್ ಅಂತೆ ಆಂಟಿ. ಒಂದು ಅಡುಗೆ ಬೇಯೋಕೆ ಆರು ಗಂಟೆ ಬೇಕಂತೆ!” ಎಂದಳು.

“ಆರು ಗಂಟೆ?” ಪುಟ್ಟಮ್ಮನವರು ಸೊಂಟದ ಮೇಲೆ ಕೈ ಇಟ್ಟರು. “ಪ್ರೆಷರ್ ಕುಕ್ಕರಲ್ಲಿ ಮೂರು ಸೀಟಿಗೆ ಬೇಯೋದನ್ನ? ಫಾರಿನ್ನೋರಿಗೆ ಮಾಡೋಕೆ ಕೆಲ್ಸ ಇಲ್ವಾ?”

ನನಗೆ ಮಾತ್ರ ಅದು ಗುರುತಿನದೇ ಅನ್ನಿಸಿತು. ಊರಲ್ಲಿ ಒಲೆ ಆರಿದ ಮೇಲೆ ಅವ್ವ ಕೆಂಡದ ಬೂದಿಯೊಳಗೆ ಗಡಿಗೆ ಹೂತಿಟ್ಟು ಪೂಜೆಗೆ ಕೂರುತ್ತಿದ್ದಳು. ಪೂಜೆ ಮುಗಿಯುವುದರೊಳಗೆ ಕಾಳು ಬೆಣ್ಣೆಯಾಗಿರುತ್ತಿತ್ತು. ಪುಸ್ತಕದ ಮೊದಲ ಹಾಳೆಯಲ್ಲೇ ಒಂದು ಬಣ್ಣದ ಚಿತ್ರ. ಹಪ್ಪಳದಷ್ಟು ತೆಳ್ಳಗೆ ಹೆಚ್ಚಿದ ಆಲೂಗಡ್ಡೆ, ಪದರದ ಮೇಲೆ ಪದರ, ನಡುವೆ ಕೆನೆ. ನೋಡುತ್ತ ನೋಡುತ್ತ ಆಸೆಯಾಯಿತು. ಬೆಂಗಳೂರಿಗೆ ಬಂದ ಮೇಲೆ ಇಷ್ಟು ಆಸೆಯಿಂದ ಯಾವುದನ್ನೂ ನೋಡಿರಲಿಲ್ಲ.

ಒಂದೇ ತೊಡಕು. ಮಹಡಿ ಮನೆಯ ಪ್ಲಗ್ಗಿಗೆ ಎರಡೇ ಕಣ್ಣು. ಮೂರು ಕಣ್ಣಿನ ಪ್ಲಗ್ಗು ಇದ್ದದ್ದು ಕೆಳಗೆ, ಅಜ್ಜಿಯ ಕೋಣೆಯಲ್ಲಿ. ನಾನು ಕೇಳಲು ಹಿಂಜರಿಯುತ್ತಿದ್ದರೆ ಪುಟ್ಟಮ್ಮನವರೇ, “ಭಾನುವಾರ ತಗೊಂಡ್ ಬಾ, ಅತ್ತೆ ಕೋಣೇಲೇ ಇಡು. ನಾವೂ ನೋಡ್ತೀವಿ ಇದರ ಪ್ರತಾಪ” ಎಂದರು. ಸಂಕ್ರಾಂತಿಗೆ ಮುಂಚಿನ ಭಾನುವಾರ ಅದು. ಮನೆಯವರು ಚೌಕ ಹಲ್ಲಿನ ಫಾರಿನ್ ಪ್ಲಗ್ಗು ಕತ್ತರಿಸಿ ನಮ್ಮ ಗುಂಡು ಹಲ್ಲಿನದನ್ನು ಹಾಕಿಕೊಟ್ಟು, ಎಷ್ಟು ದಿನ ಹೀಗೆ ಕದ್ದು ರೊಟ್ಟಿ ತಿನ್ನುವುದೆಂದು ಬೇರೆ ಮನೆ ವಿಚಾರಿಸಲು ಹೋದರು. ಹೊಸ ಗಡಿಗೆಗೆ ನಾನು ಮೂರು ಬೆರಳು ವಿಭೂತಿ ಎಳೆದೆ.

“ಆಂಟಿ, ಕರೆಂಟ್ ಪಾತ್ರೆಗೂ ವಿಭೂತಿನಾ?” ನಾಗರತ್ನ ಕಿಸಕ್ಕನೆ ನಕ್ಕಳು.

“ಕರೆಂಟಿಂದಾದ್ರೇನವಾ, ಒಲಿ ಒಲೀನ. ಅನ್ನ ಕೊಡೂದು ಅದಲ್ಲೇನು?”

ಪುಸ್ತಕ ಚೀಸ್ ಕೇಳುತ್ತಿತ್ತು. ಅದನ್ನು ನಾನೂ ಕಂಡಿಲ್ಲ, ನನ್ನ ದೇವರೂ ಕಂಡಿಲ್ಲ. ಬೆಣ್ಣೆ ಸವರಿ, ಆಲೂಗಡ್ಡೆಯ ಒಂದು ಪದರ ಹಾಸಿ, ಮೇಲೆ ಕೆನೆ ಸುರಿದು, ನಮ್ಮ ಶೇಂಗಾ ಪುಡಿ ಉದುರಿಸಿದೆ. ಪುಟ್ಟಮ್ಮನವರು ಸುಮ್ಮನೆ ನೋಡುತ್ತ ನಿಲ್ಲುವವರೇ? ಒಳಗೆ ಹೋಗಿ ಬಟ್ಟಲು ತುಂಬ ಹಿಸುಕಿದ ಬೇಳೆ ತಂದರು. ಅವರೆಕಾಳನ್ನು ನೆನೆಸಿ, ಒಂದೊಂದನ್ನೇ ಹಿಸುಕಿ ಸಿಪ್ಪೆ ತೆಗೆದದ್ದಕ್ಕೆ ಇಲ್ಲಿ ಹಾಗನ್ನುತ್ತಾರೆ. ಚಳಿಗಾಲದಲ್ಲಿ ಇಡೀ ಬೆಂಗಳೂರಿಗೆ ಅದರದೇ ಹುಚ್ಚು. ನಮ್ಮ ಕಡೆ ಜೋಳದ ಎಳೆ ತೆನೆ ಸುಟ್ಟ ಸೀತೆನಿ ತಿನ್ನಲು ಜನ ಹೊಲಕ್ಕೆ ಓಡುವ ಹಾಗೆ ಇಲ್ಲಿ ಅವರೆಕಾಯಿ ರಾಶಿಯ ಸುತ್ತ ಮುತ್ತುತ್ತಾರೆ. “ಒಂದ್ ಪದರ ನಿಂದು, ಒಂದ್ ಪದರ ನಂದು. ಖಾರ ಕಮ್ಮಿ ಹಾಕು, ಅತ್ತೆಗೆ ಹಲ್ಲಿಲ್ಲ” ಎಂದರು. ಗಡಿಗೆ ಕಂಠಮಟ್ಟ ತುಂಬಿತು. ಒಂಬತ್ತೂವರೆಗೆ ಸ್ವಿಚ್ಚು ಒತ್ತಿ, “ಶಿವನೇ” ಎಂದು ಕೂತೆ.

ಮುಚ್ಚಳ ತೆಗೆಯಬಾರದು, ತೆಗೆದರೆ ಬಿಸಿ ಹೋಗುತ್ತದೆ ಎಂದು ನಾಗರತ್ನ ಮೂರು ಸಲ ಓದಿ ಹೇಳಿದಳು. ಆದರೆ ಒಲೆಯ ಮೇಲಿರುವ ಪಾತ್ರೆಯ ಮುಚ್ಚಳ ತೆಗೆದು ನೋಡದ ಹೆಂಗಸು ನಮ್ಮೂರಲ್ಲೂ ಇಲ್ಲ, ಈ ಊರಲ್ಲೂ ಇಲ್ಲ. ಹೂವಿನವಳು ಬಂದು ನೋಡಿದಳು. ಪಕ್ಕದ ಮನೆಯವರು ಸೆರಗಿನಲ್ಲಿ ಹಿಡಿದೆತ್ತಿ, “ಅಯ್ಯೋ, ಇನ್ನೂ ಹಸಿ!” ಎಂದರು. ಎಲ್ಲರನ್ನೂ ಬೈಯುತ್ತಿದ್ದ ಪುಟ್ಟಮ್ಮನವರೇ, “ಒಂದೇ ಒಂದ್ ಸಲ ಕಣಮ್ಮ” ಎಂದು ನಾಲ್ಕು ಸಲ ತೆಗೆದರು. ನಾನೂ ತೆಗೆದೆ, ಸುಳ್ಳೇಕೆ ಹೇಳಲಿ.

ಮಂಚದ ಮೇಲೆ ಅಜ್ಜಿ ಒರಗಿ ಕೂತಿದ್ದರು. ಕಣ್ಣಿಗೆ ಪೊರೆ ಬಂದು ಏನೂ ಕಾಣದು. ಎಂಟು ತಿಂಗಳು ಅವರ ತಲೆಯ ಮೇಲೆಯೇ ಓಡಾಡಿಕೊಂಡಿದ್ದರೂ ನಾನು ಅವರ ಹತ್ತಿರ ಕೂತದ್ದು ಅವತ್ತೇ ಮೊದಲು. ಒಲೆ ಕಾಯುವ ನೆಪದಲ್ಲಿ ಕಾಲು ಒತ್ತಿದೆ. “ಯಾವೂರವ್ವ ನಿಂದು?” ಎಂದರು. ಹೇಳಿದೆ. “ದೂರ ಬಂದ್ಬುಟ್ಟೆ” ಎಂದು ನನ್ನ ಕೈ ಸವರಿದರು. ಆಮೇಲೆ, “ನಾನೂ ದೂರ ಬಂದಿವ್ನಿ. ಈ ಕ್ವಾಣೆ ಇರೋ ಜಾಗ ನಮ್ಮ ರಾಗಿ ಹೊಲ. ಎಲ್ಲೂ ಓಗ್ಲಿಲ್ಲ ನಾನು. ಊರೇ ಎದ್ದು ಓಯ್ತು” ಎಂದರು.

ಒಂದೂವರೆಗೆ ಕರೆಂಟು ಹೋಯಿತು.

ಫ್ಯಾನು ನಿಂತಿತು, ಗಡಿಗೆಯ ಕೆಂಪು ದೀಪ ಆರಿತು. ಅಡುಗೆ ಅರೆಬೆಂದಿತ್ತು. “ಸೀಮೆಎಣ್ಣೆ ಸ್ಟೌ ಮೇಲಿಡೋಣ” ಎಂದು ಪುಟ್ಟಮ್ಮನವರು ಗಡಿಗೆಗೆ ಕೈ ಹಾಕಿದರು. “ಬೇಡಮ್ಮ, ಪಿಂಗಾಣಿ ಸೀಳುತ್ತೆ ಅಂತ ಬರ್ದಿದೆ!” ನಾಗರತ್ನ ಕಿರುಚಿದಳು. ನನಗೆ ಅವ್ವನ ಬೂದಿ ಒಲೆ ನೆನಪಾಯಿತು. ಬಿಸಿ ಹೊರಗೆ ಹೋಗದಿದ್ದರೆ ಸಾಕು, ತಾನೇ ಬೇಯುತ್ತದೆ. ಮೆಟ್ಟಿಲು ಹಾರಿ ಮೇಲೆ ಹೋಗಿ, ಕೌದಿ ಎಳೆದುಕೊಂಡು ಬಂದು, ಗಡಿಗೆಗೆ ಎರಡು ಸುತ್ತು ಸುತ್ತಿ, ಬಾಣಂತಿಯ ತಲೆಗೆ ಕಟ್ಟುವ ಹಾಗೆ ಬಿಗಿಯಾಗಿ ಕಟ್ಟಿದೆ.

ಪುಟ್ಟಮ್ಮನವರು ಕೌದಿಯನ್ನೇ ನೋಡುತ್ತಿದ್ದರು. ಬೆರಳಿನಿಂದ ಒರೆಸಿ ನೋಡಿದರು.

“ಇದೇನಮ್ಮ, ಹೊದಿಯೋ ಬಟ್ಟೆ ತುಂಬ ಹಿಟ್ಟು?”

ಅಡುಗೆಯ ಸಂಭ್ರಮದಲ್ಲಿ ಅದನ್ನು ಮರೆತೇಬಿಟ್ಟಿದ್ದೆ. ಹೊಲಿಗೆಯ ಸಂದಿಗಳಲ್ಲೆಲ್ಲ ಬೆಳ್ಳಗೆ ಜೋಳದ ಹಿಟ್ಟು. ಏನಾದರೊಂದು ಸುಳ್ಳು ಹೇಳಬಹುದಿತ್ತು. ಆದರೆ ಎದುರಿಗೆ ಗಡಿಗೆ, ಅದರ ಮೇಲೆ ನಾನೇ ಎಳೆದ ವಿಭೂತಿ.

“ತಪ್ಪಾತ್ರೀ. ರೊಟ್ಟಿ ಬಿಟ್ಟಿಲ್ರೀ ನಾನು. ಕಲ್ಲಿನ ಕೆಳಗ ಇದನ್ನ ಹಾಸಿ ಬಡೀತೀನ್ರೀ. ಹಬ್ಬ ಆದ ಮ್ಯಾಲೆ ಮನಿ ಬಿಡ್ತೀವ್ರೀ, ಬ್ಯಾರೆ ಕಡೆ ನೋಡಾಕತ್ತೇವಿ.”

“ಅಂದ್ರೆ ಎರಡು ತಿಂಗಳಿಂದ ದಿನಾ ನನ್ನ ಕಣ್ಣಿಗೆ ಕೌದಿ ಹೊದಿಸ್ತಾ ಇದೀಯಾ?” ಪುಟ್ಟಮ್ಮನವರ ದನಿ ಏರಿತು.

ಮಂಚದಿಂದ ಅಜ್ಜಿಯ ದನಿ ಬಂತು. “ಅದಕ್ಕೇ ಅನ್ನು!”

ಇಬ್ಬರೂ ತಿರುಗಿದೆವು.

“ನನ್ನ ಕಿವಿ ಓಯ್ತು ಅಂತ ತಿಳ್ಕಂಡಿದ್ದೆ ಕಣ್ರವ್ವ. ಕಣ್ಣು ಓದಾಗ್ಲೂ ಮೊದ್ಲು ದೂರದ್ದು ಓಯ್ತು, ಆಮೇಲೆ ಅತ್ರದ್ದು. ಈಗ ಮೇಲಿನ ಸದ್ದು ನಿಂತೋಯ್ತಲ್ಲ, ಇನ್ನು ಕೆಳಗಿನ ಮಾತೂ ಕೇಳ್ಸಾಕಿಲ್ಲ ಅಂತ ಯಾರ್ಗೂ ಏಳ್ದೆ ಮಲಗಿದ್ದೆ.”

“ಅತ್ತೇ, ನಿಮ್ಗೆ ನಿದ್ದೆ ಕೆಡುತ್ತೆ ಅಂತಲೇ ಅಲ್ವಾ ನಾನು ಬೇಡ ಅಂದಿದ್ದು?”

“ನಾನೇಳಿದ್ನಾ? ಆ ಸದ್ದಿಂದಲೇ ಬೆಳಕರೀತು ಅಂತ ಗೊತ್ತಾಗೋದು ನಂಗೆ. ಇನ್ನು ನನಗೆ ಬೆಳಕು ಎಲ್ಲಿಂದ ಬರ್ಬೇಕು? ಈ ಲೇಔಟಲ್ಲಿ ಈಗ ಬೀಸೋರಿಲ್ಲ, ಕುಟ್ಟೋರಿಲ್ಲ.” ಅಜ್ಜಿ ನನ್ನ ಕಡೆ ಮುಖ ತಿರುಗಿಸಿ, “ಆರು ಬಡೀತಿದ್ದೆ ನೀನು. ಭಾನುವಾರ ಎಂಟು. ಸರೀನಾ?” ಎಂದರು.

ಸರಿಯಿತ್ತು. ಭಾನುವಾರ ಮನೆಯವರಿಗೆ ಎರಡು ಹೆಚ್ಚು. ಪುಟ್ಟಮ್ಮನವರು ಸೆರಗಿನಿಂದ ಮೂಗು ಒರೆಸಿಕೊಂಡು ಅಡುಗೆಮನೆಗೆ ಹೋದರು. ಸ್ವಲ್ಪ ಹೊತ್ತಿಗೆ ಕಾಫಿ ತಂದು ನನ್ನ ಮುಂದೆ ಕುಕ್ಕಿ, “ಕುಡಿ. ಮನೆ ಬಿಡ್ತಾಳಂತೆ ಮನೆ” ಎಂದರು.

ನಾಲ್ಕಕ್ಕೆ ಕರೆಂಟು ಬಂತು. ಕೌದಿ ಬಿಚ್ಚಿದರೆ ಗಡಿಗೆ ಇನ್ನೂ ಕೈ ಸುಡುವಷ್ಟು ಬಿಸಿ! ಮತ್ತೊಂದು ಗಂಟೆ ಇಟ್ಟೆವು. ಈ ಸಲ ಯಾರೂ ಮುಚ್ಚಳ ಮುಟ್ಟಲಿಲ್ಲ. ಸೌಟು ಇಳಿಸಿದರೆ ಪದರ ಪದರವಾಗಿ ಎದ್ದು ಬಂತು. ಆಲೂಗಡ್ಡೆ ಬಾಯಲ್ಲಿ ಕರಗುವಷ್ಟು ಮೆತ್ತಗೆ, ಕೆನೆಯೊಳಗೆ ಶೇಂಗಾದ ಘಮ, ನಡುನಡುವೆ ಅವರೆಯ ಸೊಗಡು. ಮೊದಲ ಸೌಟು ನೈವೇದ್ಯಕ್ಕೆ. ಎರಡನೆಯದು ಅಜ್ಜಿಗೆ. ಅವರು ಬಟ್ಟಲು ಖಾಲಿ ಮಾಡಿ, ಬೆರಳು ಚೀಪಿ, “ಹಲ್ಲಿರೋರ್ಗೆ ಇದರ ರುಚಿ ಗೊತ್ತಾಗಾಕಿಲ್ಲ ಬುಡು” ಎಂದರು. ಸಂಜೆ ಬಂದ ಮನೆಯವರು, ಕೆಂಗೇರಿಯ ಹತ್ತಿರ ಒಂದು ಮನೆ ಇದೆಯಂತೆ ಎಂದು ಬಾಗಿಲಲ್ಲೇ ಶುರು ಮಾಡಿದರು. ಅವರ ಬಾಯಿಗೊಂದು ತುತ್ತಿಟ್ಟೆ. ಮಾತು ಅಲ್ಲಿಗೇ ನಿಂತಿತು.

ಇದನ್ನೆಲ್ಲ ಅವ್ವನಿಗೆ ಬರೆದೆ. “ಕೌದಿ ಹೊಲಸಾಗಿರಬೇಕು, ಯಾರ ಕೈಲಾದರೂ ಕಳಿಸು, ಒಗೆದು ಹೊಸ ಪದರ ಹಾಕಿಕೊಡುತ್ತೇನೆ” ಎಂದು ಉತ್ತರ ಬಂತು. ಕಳಿಸಲು ಮನಸ್ಸು ಬರಲಿಲ್ಲ. ಅದರ ಒಂದು ಅಂಚಿಗೆ ಇನ್ನೂ ಅವ್ವನ ಟ್ರಂಕಿನ ಬೇವಿನೆಲೆಯ ವಾಸನೆ ಇದೆ. ಇನ್ನೊಂದಕ್ಕೆ ಮಾರೇನಹಳ್ಳಿಯ ಅವರೆಯ ಸೊಗಡು ಹತ್ತಿದೆ. ಹೋಳಿ ಹುಣ್ಣಿಮೆಗೆ ಊರಿಗೆ ಹೋದಾಗ ಓಣಿಯ ರೊಟ್ಟಿ ಸದ್ದಿಗೆ ಎಚ್ಚರವಾಯಿತು. ಹಾಯೆನಿಸಿತು. ಆದರೆ ಮರುಗಳಿಗೆಯಲ್ಲೇ, ಅಲ್ಲಿ ಅಜ್ಜಿಗೆ ಇವತ್ತು ಬೆಳಗಾದದ್ದು ಹೇಗೆ ತಿಳಿಯಬೇಕು ಎಂದು ಎದ್ದು ಕೂತೆ. ನಾಲ್ಕು ದಿನ ಇರಲೆಂದು ಹೋದವಳು ಎರಡೇ ದಿನಕ್ಕೆ ಬಸ್ಸು ಹತ್ತಿದೆ.

ಬಂದ ಮರುದಿನ ಬೆಳಿಗ್ಗೆ ಪೂಜೆ ಮುಗಿಸಿ, ಪೂರ್ವದ ಕಿಟಕಿ ತೆಗೆದೆ. ಕೆಳಗಿನಿಂದ ಪುಟ್ಟಮ್ಮನವರು, “ಗಂಗಮ್ಮಾ, ಬಂದ್ಯಾ? ನಂಗೂ ಎರಡು ಹಾಕಮ್ಮ!” ಎಂದರು. ಬರಿಯ ನೆಲದ ಮೇಲೆ ಕಲ್ಲಿಟ್ಟು, ಎಸರಿಗೆ ಹಿಟ್ಟು ಸುರಿದು, ನಾದಿ, ಮೊದಲ ಉಂಡೆ ತಟ್ಟತೊಡಗಿದೆ. ಅವತ್ತು ಎಂಟು ಬಡಿಯಬೇಕಿತ್ತು, ಭಾನುವಾರವಲ್ಲದಿದ್ದರೂ.