ಗಿರಣಿ ಕಾಕಾನ ಹಾಡು

ಗಂಗಾವತಿಯ ನಮ್ಮ ರಾಕ್ ಬ್ಯಾಂಡಿನಲ್ಲಿ ನಾನು ಕೀಬೋರ್ಡ್ ನುಡಿಸುತ್ತೇನೆ. ಅದರಿಂದ ಹೊಟ್ಟೆ ತುಂಬುವುದಿಲ್ಲ. ಹಾಗಾಗಿ ಸುತ್ತಲಿನ ಹಳ್ಳಿಯವರು ಆಡುವ ನಾಟಕಗಳಿಗೆ ಹಾಡು ಕಟ್ಟಿ, ವೇದಿಕೆಯ ಪಕ್ಕ ಕೂತು ನುಡಿಸಿಯೂ ಬರುತ್ತೇನೆ. ಬ್ಯಾಂಡಿನ ಹುಡುಗರಿಗೆ ನಾನು 'ಬ್ರೋ', ಹಳ್ಳಿಯಲ್ಲಿ 'ಕ್ಯಾಸಿಯೋ ಮಾಸ್ತರ'. ಎರಡನೆಯದಕ್ಕೆ ಒಳಗೊಳಗೇ ಮೂಗು ಮುರಿಯುತ್ತಿದ್ದೆ, ಸುಳ್ಳೇಕೆ ಹೇಳಲಿ.

ಹೋದ ವರ್ಷ ಸಿದ್ದಾಪುರದ ನಾಟಕದಲ್ಲಿ ಅಣ್ಣನ ಪಾತ್ರ ಮಾಡಿದವರು ಹಿಟ್ಟಿನ ಗಿರಣಿ ನಡೆಸುವ ಒಬ್ಬ ಕಾಕಾ. ಗಿರಣಿಯ ಸದ್ದನ್ನೂ ಮೀರಿ ದಿನವಿಡೀ ಹಾಡುವ ಮನುಷ್ಯ. ಪ್ರತಿ ಸಲ ಅವರಿಗೆ ಸಿಗುತ್ತಿದ್ದದ್ದು ಪೊಲೀಸನ ಪಾತ್ರ, ಇಲ್ಲವೇ ಆಳಿನದು. ಹಾಡು ಇರುವ ಪಾತ್ರ ಸಿಕ್ಕಿದ್ದು ಐವತ್ತು ದಾಟಿದ ಮೇಲೆ, ಇದೇ ಮೊದಲು. ತಂಗಿಯನ್ನು ಗಂಡನ ಮನೆಗೆ ಕಳಿಸುವ ಹಾಡು. ಅವರ ದನಿ ಎಲ್ಲಿಯವರೆಗೆ ಏರುತ್ತದೆಂದು ನೋಡಿಯೇ ಕಟ್ಟಿದ್ದೆ. ತಾಲೀಮಿನಲ್ಲಿ ಅವರು ಹಾಡಿದರೆ ನಾನೇ ಇನ್ನೊಮ್ಮೆ ಹಾಡಿಸಿ ಕೇಳುತ್ತಿದ್ದೆ. "ಮಾಸ್ತರ, ಬೀಗರನ್ನೂ ಕರ್ದೇನ್ರಿ, ಮರ್ಯಾದಿ ಉಳಸ್ರಿ," ಎಂದು ನಗುತ್ತಿದ್ದರು.

ನಾಟಕದ ದಿನವೇ ಕೊಪ್ಪಳದ ಕಾಲೇಜೊಂದರಲ್ಲಿ ಬ್ಯಾಂಡಿನ ಕಾರ್ಯಕ್ರಮ. ನಮ್ಮ ಗಾಯಕಿಯ ದನಿ ಎತ್ತರದ್ದು. ಕೀಬೋರ್ಡಿನಲ್ಲಿ ಒಂದು ಗುಂಡಿ ಒತ್ತಿದರೆ ಸಾಕು, ಬೆರಳು ಅಲ್ಲೇ ಇದ್ದರೂ ಶ್ರುತಿ ಮೇಲೇರುತ್ತದೆ. ಏರಿಸಿದೆ, ನುಡಿಸಿದೆ, ಚಪ್ಪಾಳೆ ಗಿಟ್ಟಿಸಿದೆ, ಹಾಗೆಯೇ ಗಾಡಿಗೆ ಹಾಕಿಕೊಂಡು ಸಿದ್ದಾಪುರಕ್ಕೆ ಬಂದೆ. ಆರಿಸಿ ಮತ್ತೆ ಹಚ್ಚಿದರೂ ನನ್ನ ವಾದ್ಯ ಏರಿಸಿದ್ದನ್ನು ನೆನಪಿಟ್ಟುಕೊಳ್ಳುತ್ತದೆ. ಇಳಿಸುವುದನ್ನು ನಾನು ಮರೆತೆ.

ಕಾಕಾ ಹಾಡಲು ನಿಂತಾಗ ನಾನು ಮೊಬೈಲಿನಲ್ಲಿ ಮುಳುಗಿದ್ದೆ. ಕಾಲೇಜಿನ ಹುಡುಗರು ಹಾಕಿದ್ದ ನನ್ನದೇ ವಿಡಿಯೋ! ಬೆರಳು ಅಭ್ಯಾಸಬಲದಿಂದ ಓಡುತ್ತಿತ್ತು. ಮಂದಿ ಕಿಸಕ್ಕನೆ ನಕ್ಕಾಗ ತಲೆ ಎತ್ತಿದೆ. ಕಾಕಾನ ಕುತ್ತಿಗೆಯ ನರ ಉಬ್ಬಿ, ದನಿ ಸೀಳಿಹೋಗುತ್ತಿತ್ತು. ಅಯ್ಯ ಶಿವನೇ! ಗಾಬರಿಯಲ್ಲಿ ಗುಂಡಿ ಒತ್ತಿ ಶ್ರುತಿ ಇಳಿಸಿಬಿಟ್ಟೆ. ಸಾಲಿನ ನಡುವೆಯೇ ವಾದ್ಯ ಕೆಳಗಿಳಿಯಿತು, ಅವರೊಬ್ಬರೇ ಮೇಲೆ ಉಳಿದರು. ಆಮೇಲಿನ ನಗು ಕೇಳಲಾಗಲಿಲ್ಲ. ಮುಂದೆ ಕೂತಿದ್ದ ಬೀಗರು ಟವೆಲಿನಿಂದ ಬಾಯಿ ಮುಚ್ಚಿಕೊಂಡಿದ್ದರು. ಕಾಕಾ ಹಾಡನ್ನು ಅರ್ಧಕ್ಕೇ ಬಿಟ್ಟು ಪರದೆಯ ಹಿಂದೆ ಹೋದರು.

ನಾನು ಮೈಕ್ ಕಿತ್ತುಕೊಂಡು, "ತಪ್ಪು ನಂದೈತ್ರಿ! ಕಾಕಾಂದು ಏನೂ ತಪ್ಪಿಲ್ಲ. ನಾ ಶ್ರುತಿ ಏರಿಸಿಟ್ಟು ಮರತಿದ್ನಿ," ಎಂದು ಕೂಗಿದೆ. ಮಂದಿ ಚಪ್ಪಾಳೆ ತಟ್ಟಿದರು. ಊರ ಹಿರಿಯರೊಬ್ಬರು ವೇದಿಕೆ ಹತ್ತಿ, "ನೋಡ್ರಿ, ಮತ್ತೊಬ್ಬರ ತಪ್ಪು ತಮ್ಮ ಮ್ಯಾಲೆ ಹಾಕ್ಕೊಂಡ್ರು. ಎಂಥಾ ದೊಡ್ಡ ಮನಸು ಮಾಸ್ತರಂದು!" ಎಂದರು. ನಾಟಕವನ್ನು ನಡುವೆಯೇ ನಿಲ್ಲಿಸಿ, ಮೆಚ್ಚಿದ ಕಲಾವಿದರಿಗೆ ಆಯೇರಿ ಮಾಡುವುದು, ಅಂದರೆ ಉಡುಗೊರೆ ಕೊಡುವುದು, ನಮ್ಮ ಕಡೆಯ ರೂಢಿ. ನನಗೆ ಶಾಲು ಹೊದಿಸಿದರು. ಬೇಡವೆಂದಷ್ಟೂ ಅದನ್ನು ವಿನಯವೆಂದರು. ನಾಚಿಕೆಯಿಂದ ಹಿಡಿಯಷ್ಟಾದೆ. ಮಾಡಿದ್ದುಣ್ಣೋ ಮಹಾರಾಯ ಅನ್ನುತ್ತಾರೆ. ಇಲ್ಲಿ ಮಾಡಿದವನಿಗೆ ಶಾಲು, ಉಣ್ಣುವ ಪಾಳಿ ಕಾಕಾನದು.

ಮರುವಾರ ಕೀಬೋರ್ಡ್ ಹೊತ್ತು ಗಿರಣಿಗೇ ಹೋದೆ. ಬೆಲ್ಟ್ ತಿರುಗುತ್ತಿತ್ತು, ಕಾಕಾ ಬಾಯಿ ಮುಚ್ಚಿಕೊಂಡು ಜೋಳ ಸುರಿಯುತ್ತಿದ್ದರು. "ಮನ್ಯಾಗೂ ಹಾಡವಲ್ರು ನೋಡ್ರಿ," ಎಂದರು ಅವರ ಹೆಂಡತಿ. ಗಿರಣಿ ನಿಲ್ಲಿಸಲು ಕೇಳಿಕೊಂಡೆ. ಏರಿದ ಶ್ರುತಿ, ಸರಿಯಾದ ಶ್ರುತಿ, ಎರಡನ್ನೂ ನುಡಿಸಿ ತೋರಿಸಿದೆ. "ಕೇಳ್ರಿ ಕಾಕಾ, ನಿಮ್ಮ ದನಿ ಸರಿ ಇತ್ತು, ಹಾಳ ಮಾಡಿದಾಂವ ನಾನು. ಒಂದ ಸಲ ಹಾಡ್ರಿ, ನಿಮ್ಮ ಕಾಲಿಗೆ ಬೀಳ್ತೀನಿ."

ಅವರು ಹಿಟ್ಟು ಮೆತ್ತಿದ ಕೈಯಿಂದ ನನ್ನ ಕೈ ಹಿಡಿದುಕೊಂಡರು. ಬಯ್ದಿದ್ದರೆ ಎಷ್ಟೋ ಹಗುರಾಗುತ್ತಿತ್ತು.

"ಸಾಕು ಬಿಡ್ರಿ ಮಾಸ್ತರ. ನನ್ನ ಸಲುವಾಗಿ ಇನ್ನೂ ಎಷ್ಟು ಸುಳ್ಳು ಹೇಳ್ತೀರಿ? ಹಾಡು ಭಾಳ ಛಲೋ ಐತಿ. ದನಿ ಇದ್ದವರಿಗೆ ಯಾರಿಗರ ಕೊಡ್ರಿ," ಎಂದರು.