ಮಹಾಲಿಂಗಯ್ಯನವರು ಊರನ್ನು ಕೇಳಿದ ದಿನ

ಬರಗೂರಿನಿಂದ ಎರಡು ಹರದಾರಿ ಆಚೆಗಿನ ಹಳ್ಳಿಯಲ್ಲಿ ಮೂವತ್ತು ವರ್ಷ ಪಟೇಲಿಕೆ ಮಾಡಿದ ಮಹಾಲಿಂಗಯ್ಯನವರು ಊರನ್ನು ಕೇಳದೆ ಯಾವ ಕೆಲಸವನ್ನೂ ಮಾಡಿದವರಲ್ಲ. ಮೊದಲು ಮನೆಯಲ್ಲಿ ಎಲೆಅಡಿಕೆ ಮೆಲ್ಲುತ್ತ ತೀರ್ಮಾನ ಮಾಡಿಬಿಡುವರು, ಆಮೇಲೆ ಚಾವಡಿಗೆ ಎಲ್ಲರನ್ನೂ ಕರೆಸಿ, "ಏನ್ರಪ್ಪಾ, ಏನ್ ಮಾಡಾನ?" ಎನ್ನುವರು. ಜನ ಅವರ ಮೀಸೆ ನೋಡುತ್ತಿದ್ದರು. ಅದು ಯಾವ ಮಾತಿಗೆ ಅರಳುತ್ತದೋ ಅದೇ ಊರಿನ ಅಭಿಪ್ರಾಯ. ಹೊಸ ಬಾವಿಯ ಜಾಗ ಗೊತ್ತಾದದ್ದೂ ಹೀಗೆಯೇ: ಪಟೇಲರ ಹಿತ್ತಲ ಪಕ್ಕ, ಸರ್ವಾನುಮತದಿಂದ.

ಪ್ಲೇಗಿನ ವರ್ಷ, ರಾಗಿ ಕಣಕ್ಕೆ ಬಂದಿದ್ದಾಗ, ಊರಿನ ಮೊದಲ ಇಲಿ ಸತ್ತು ಬಿದ್ದದ್ದು ಅವರದೇ ಅಟ್ಟದಿಂದ. ಮೂರು ತಿಂಗಳ ಮೊಮ್ಮಗಳು ಮಲಗಿದ್ದ ತೊಟ್ಟಿಲಿಗೂ ಅದಕ್ಕೂ ಮೊಳ ದೂರವಿರಲಿಲ್ಲ. ಹೆಂಡತಿ ಸಿದ್ದಗಂಗಮ್ಮ ಕೂಸಿನ ಕಂಕುಳನ್ನು ಮೂರು ಸಲ ಮುಟ್ಟಿ ನೋಡಿದರು. ಪ್ಲೇಗಿನ ಗಂಟಿರಲಿಲ್ಲ. ನಾಲ್ಕನೆಯ ಸಲವೂ ಮುಟ್ಟಿದರು.

"ಇವತ್ತೇ ಹೊಲ್ದಾಗೆ ಗುಡ್ಲು ಹಾಕ್ಸಿ. ಈ ಮನೇಲಿ ಕೂಸಿನ್ನ ಇನ್ನು ಮಲಗ್ಸಾಕಿಲ್ಲ."

ಮಹಾಲಿಂಗಯ್ಯನವರಿಗೆ ಏನೂ ತೋಚಲಿಲ್ಲ. ಊರು ಬಿಡಿಸಿ, ರೋಗ ಬಾರದೆ ಹೋದರೆ ಊರ ಕಣದ ರಾಗಿ ಕಳ್ಳರ ಪಾಲು, ನಗೆಪಾಟಲು ತಮ್ಮ ಪಾಲು. ಬಿಡಿಸದೆ ರೋಗ ಬಂದರೆ? ಆ ತಪ್ಪನ್ನು ಹೊರಲು ಒಂದು ತಲೆ ಸಾಲದು ಎನಿಸಿತು. ಊರನ್ನು ಕರೆಸಿದರು.

"ಊರು ಬುಡಾನೋ ಬ್ಯಾಡ್ವೋ, ನೀವೇ ಯೋಳ್ರಪ್ಪ."

ಪಕ್ಕದ ಮನೆಯ ಬೋರಪ್ಪ ಮೀಸೆ ನೋಡಿದ. ಅದು ಅರಳಿರಲಿಲ್ಲ, ಮುದುಡಿಯೂ ಇರಲಿಲ್ಲ. "ನೀವೆಂಗಂದ್ರೆ ಅಂಗೆ ಪಟೇಲ್ರೇ."

"ನಾನಿನ್ನೂ ಏನೂ ಅಂದ್ಕೊಂಡಿಲ್ಲ ಕಣ್ಲಾ! ನಿಜವಾಗ್ಲೂ ಕೇಳ್ತಾ ಇವ್ನಿ."

ಕುರಿ ಸಾಕುವ ತಿಪ್ಪಯ್ಯ ಕಿಸಕ್ಕನೆ ನಕ್ಕ. "ಬಾವಿ ತೆಗ್ಸಾಗ್ಲೂ ಇಂಗೇ ಅಂದಿದ್ರಲ್ಲ!"

ಯಾರೋ ಬಿಡೋಣವೆಂದರು, ಪಟೇಲರ ಹುಬ್ಬು ಗಂಟಿಕ್ಕಿದ್ದು ಕಂಡು ಬೇಡವೆಂದರು. ಹುಬ್ಬು ಸಡಿಲಲಿಲ್ಲ. ಹೊತ್ತು ನೆತ್ತಿಯಿಂದ ಇಳಿಯಿತು. ಇನ್ನೆರಡು ಮನೆಗಳಲ್ಲಿ ಇಲಿ ಬಿದ್ದ ಸುದ್ದಿ ಬಂತು. ಅದಕ್ಕೆ ಪಟೇಲರು ಏನನ್ನುವರೋ ಎಂದು ಚಾವಡಿ ಪಟೇಲರ ಮುಖ ನೋಡಿತು, ಪಟೇಲರು ಚಾವಡಿಯ ಮುಖ ನೋಡಿದರು.

ಆಗ ಬೀದಿಯಲ್ಲಿ ಸಿದ್ದಗಂಗಮ್ಮ ಬಂದರು. ತಲೆಯ ಮೇಲೆ ತೊಟ್ಟಿಲು. ಹಿಂದೆ ಕೂಸನ್ನು ಅವಚಿಕೊಂಡ ಸೊಸೆ.

"ಎತ್ಲಾಗೆ ಹೊಂಟ್ರಿ ಅಮ್ಮಾರೇ?" ಎಂದ ಬೋರಪ್ಪ.

"ಹೊಲಕ್ಕೆ. ನೀವು ಕೇಳ್ಕಂಡು, ಯೋಳ್ಕಂಡು, ನಿಧಾನಕ್ಕೆ ಬನ್ನಿ." ಗಂಡನ ಕಡೆ ತಿರುಗಿಯೂ ನೋಡಲಿಲ್ಲ.

ಚಾವಡಿಗೆ ಚಾವಡಿಯೇ ಉಸಿರು ಬಿಟ್ಟಿತು. "ಅಂಗನ್ನಿ ಮತ್ತೆ!" ತಿಪ್ಪಯ್ಯ ಎದ್ದು ಕಂಬಳಿ ಕೊಡವಿದ. "ಮನೇಲಿ ಆಗ್ಲೇ ತೀರ್ಮಾನ ಆಗೋಗೈತೆ, ಸುಮ್ಕೆ ನಮ್ಮುನ್ನ ಪರೀಕ್ಸೆ ಮಾಡ್ತಾ ಕುಂತವ್ರೆ!"

ಹೊತ್ತು ಮುಳುಗುವಷ್ಟರಲ್ಲಿ ಇಡೀ ಊರು ಹೊಲದಲ್ಲಿತ್ತು. ಕೂಸು ಉಳಿಯಿತು. ಊರೂ ಉಳಿಯಿತು. ಎಲ್ಲರನ್ನೂ ಕೇಳಿಯೇ ಊರು ಕಾಯ್ದ ಪುಣ್ಯಾತ್ಮ ಎಂಬ ಹೆಸರು ಮಹಾಲಿಂಗಯ್ಯನವರಿಗೆ ಬಂತು.

"ಅವತ್ತು ನಂಗೆ ನಿಜವಾಗ್ಲೂ ಏನೂ ಗೊತ್ತಿರ್ಲಿಲ್ಲ ಕಣ್ರಪ್ಪ" ಎಂದು ಅವರು ಸಾಯುವ ತನಕ ಹೇಳುತ್ತಲೇ ಇದ್ದರು. ಅವರು ಹೇಳಿದ ಮಾತುಗಳಲ್ಲಿ ಊರು ಒಪ್ಪದೆ ಉಳಿದದ್ದು ಅದೊಂದೇ.