ಬರ್ನಿಯ ಮುರಿದ ಕೈ ಮತ್ತು ಆರು ವರ್ಷದ ಗಡುವು

ಹೊನೋರಾ ಲಾವೆಲ್ ಮೂವತ್ತೊಂದು ವರ್ಷ ನಮ್ಮ ಮೇಯೋ ಕರಾವಳಿಯಲ್ಲಿ ಅಂಚೆ ಹಂಚಿದವಳು. ನಿವೃತ್ತಿಯ ದಿನ ಇಲಾಖೆಯವರು ಹಸಿರು ವ್ಯಾನಿನ ಕೀಲಿ ಇಸಿದುಕೊಂಡರು. ಊರಿಗೆಲ್ಲ ಕಾಗದ ಮುಟ್ಟಿಸಿದ ಹೆಂಗಸು ಅಂದಿನಿಂದ ಅಂಗಡಿಗೆ ಐದು ಕಿಲೋಮೀಟರ್ ನಡೆಯಬೇಕಾಯಿತು. ನನ್ನ ಗಾಡಿ ಹತ್ತು ಅಂದರೆ ಹತ್ತುವವಳಲ್ಲ. ತನ್ನದೇ ಒಂದು ಸಣ್ಣ ಕಾರು ಬೇಕು ಎನ್ನುವುದೊಂದೇ ಆಸೆ. ಅದಕ್ಕೆ ದುಡ್ಡು ಇರಲಿಲ್ಲವೆಂದಲ್ಲ, ಇದ್ದದ್ದು ಮ್ಯಾಲಕಿ ಡರ್ಕನ್ ಹತ್ತಿರ.

ಗಂಡ ತೀರಿಕೊಂಡ ಮೇಲೆ ಅವನ ಮೀನಿನ ದೋಣಿಯನ್ನು ಅವಳು ಮ್ಯಾಲಕಿಗೆ ಮಾರಿದ್ದಳು. ಅರ್ಧ ಅಲ್ಲೇ ಕೊಟ್ಟ. ಉಳಿದ ಆರು ಸಾವಿರ ಯೂರೋ 2016ರ ಮೇ ಒಂದರೊಳಗೆ ಎಂದು ಕರಾರು. ಸಾಕ್ಷಿ ಸಹಿ ಹಾಕಿದವನು ನಾನೇ, ಆ ದೋಣಿಯ ಎಂಜಿನ್ ರಿಪೇರಿಯವನು. ಏಡಿ ಮಾರಿದ ಮೇಲೆ ಕೊಡುತ್ತೇನೆ ಎಂದು ಮ್ಯಾಲಕಿ ವರ್ಷ ವರ್ಷವೂ ಹೇಳಿದ. ನೆರೆಯವನಲ್ಲವೇ ಎಂದು ಇವಳೂ ಸುಮ್ಮನಿದ್ದಳು.

2022ರ ಮೇ ತಿಂಗಳಲ್ಲಿ ಬಂದರಿನ ಕಟ್ಟೆಯ ಮೇಲೆ, ನಾಲ್ಕು ಜನರ ಮುಂದೆ, ಅವಳು ಬಾಯಿಬಿಟ್ಟು ಕೇಳಿದಳು.

“ಕರಾರಿನ ಬಾಕಿಗೆ ಆರು ವರ್ಷದೊಳಗೆ ಕೋರ್ಟಿಗೆ ಹೋಗ್ಬೇಕಿತ್ತು, ಹೊನೋರಾ,” ಎಂದ ಮ್ಯಾಲಕಿ. “ಮೊನ್ನೆ ಒಂದನೇ ತಾರೀಕಿಗೆ ಮುಗೀತು. ಕಾನೂನು ನಾನು ಮಾಡಿದ್ದಲ್ಲ.”

ನನಗೆ ರಕ್ತ ನೆತ್ತಿಗೇರಿತು. ಕೈಯಲ್ಲಿ ಸ್ಪ್ಯಾನರ್ ಬೇರೆ ಇತ್ತು. ಹೊನೋರಾ ನನ್ನ ತೋಳು ಹಿಡಿದು, ಅವನನ್ನೇ ನೋಡುತ್ತ, “ಬರ್ನಿ ಕೈ ಈಗ ಹೇಗಿದೆ?” ಎಂದಳು. ಬರ್ನಿ ಅವನ ಹೆಂಡತಿ. ಅದು ವಾಸಿಯಾಗಿ ಮೂರು ವರ್ಷವಾಯಿತಲ್ಲ ಎಂದು ಅವನು ಪಿಳಿಪಿಳಿ ಕಣ್ಣು ಬಿಟ್ಟ.

ಮನೆಗೆ ಹೋದದ್ದೇ ಅವಳು ಹಳೆಯ ಕಾರ್ಡು ತುಂಬಿಟ್ಟ ಬಿಸ್ಕತ್ತಿನ ಡಬ್ಬ ಇಳಿಸಿದಳು. ನಮ್ಮಲ್ಲಿ ಕ್ರಿಸ್‌ಮಸ್ ಕಾರ್ಡು ಎಸೆಯುವುದಿಲ್ಲ. ಮುಂದಿನ ವರ್ಷ ಯಾರಿಗೆ ಕಳಿಸಬೇಕು, ಯಾರನ್ನು ಬಿಡಬೇಕು ಎನ್ನುವ ಪಟ್ಟಿಯೇ ಅದು. ಬರೆಯುವುದು ಮನೆ ಹೆಂಗಸರ ಕೆಲಸ. ಬರ್ನಿ ಹೆಸರು ಬಿಟ್ಟು ಒಂದಕ್ಷರ ಹೆಚ್ಚು ಬರೆಯುವವಳಲ್ಲ. ಆದರೆ 2018ರ ಡಿಸೆಂಬರಿನಲ್ಲಿ ಅವಳು ಜಾರಿ ಬಿದ್ದು ಬಲಗೈ ಮುರಿದುಕೊಂಡಳು, ಪೆನ್ನು ಮ್ಯಾಲಕಿಯ ಕೈಗೆ ಬಂತು. ಬರೀ ಹೆಸರು ಬೋಳಾಗಿ ಕಂಡಿತೋ ಏನೋ, ಅವನು ಬರೆದಿದ್ದ: ‘ದೋಣಿಯ ಬಾಕಿ ಆರು ಸಾವಿರ ಮರೆತಿಲ್ಲ. ಬೇಸಿಗೆಯಲ್ಲಿ ಕೊಡುತ್ತೇನೆ. ಮ್ಯಾಲಕಿ ಡರ್ಕನ್.’

ಲಕೋಟೆಯೂ ಜೊತೆಗಿತ್ತು, ಅಂಚೆ ಮುದ್ರೆಯ ತಾರೀಕು ಅಚ್ಚುಕಟ್ಟಾಗಿತ್ತು.

“ಕಾನೂನು ನಂಗೂ ಗೊತ್ತಿಲ್ಲ ಕಣೋ,” ಎಂದಳು. “ಆದ್ರೆ ಬರೆದು ಕಳಿಸಿದ್ದು ಕಳಿಸಿದ್ದೇ. ಇದನ್ನ ನನ್ನ ಮನೆಗೆ ತಂದು ಹಾಕ್ದೋಳೂ ನಾನೇ.”

ಪೇಟೆಯ ವಕೀಲೆ ಕಾರ್ಡನ್ನು ಎರಡು ಸಲ ಓದಿ ನಕ್ಕರು. ಕೊಡಬೇಕಾದವನೇ ಬಾಕಿಯುಂಟೆಂದು ಬರೆದು ಸಹಿ ಹಾಕಿದರೆ ಆರು ವರ್ಷ ಅಂದಿನಿಂದ ಹೊಸದಾಗಿ ಶುರುವಂತೆ; ಇನ್ನೂ ಎರಡೂವರೆ ವರ್ಷ ಕೈಯಲ್ಲಿತ್ತು. ದಾವೆ ಹೂಡಿದೆವು. ಮ್ಯಾಲಕಿಯ ವಕೀಲನೇ ಕಾರ್ಡಿನ ನಕಲು ನೋಡಿ, ಸುಮ್ಮನೆ ಕೊಟ್ಟುಬಿಡು ಎಂದನಂತೆ. ಬರ್ನಿ ಮಾತ್ರ ಚರ್ಚಿನ ಬಾಗಿಲಲ್ಲೇ ಗಂಡನಿಗೆ ಹೇಳಿದ್ದು ನಾನೇ ಕೇಳಿದೆ: “ಇಪ್ಪತ್ತು ವರ್ಷ ನಾನು ಬರ್ದೆ, ಒಂದು ಸೆಂಟ್ ಹೋಗ್ಲಿಲ್ಲ. ನೀನು ಒಂದೇ ವರ್ಷ ಬರ್ದೆ ನೋಡು.”

ಆರು ಸಾವಿರವೂ ಬಂತು, ಮೇಲೆ ಕೋರ್ಟಿನ ಖರ್ಚೂ ಬಂತು.

ಕಾರು ಹಳೆಯದೇ, ಹಸಿರು ಬಣ್ಣದ್ದೇ ಬೇಕೆಂದು ಹುಡುಕಿಸಿದಳು. ಮೊದಲ ದಿನ ನನ್ನನ್ನು ಪಕ್ಕದಲ್ಲಿ ಕೂರಿಸಿಕೊಂಡು ಮ್ಯಾಲಕಿಯ ಗೇಟಿನ ಮುಂದೆ ನಿಲ್ಲಿಸಿ, ಹಿಂದೆ ಕಾಗದ ಬಂದಾಗ ಹೊಡೆಯುತ್ತಿದ್ದಂತೆ ಎರಡು ಸಲ ಹಾರ್ನ್ ಹೊಡೆದಳು. ಅಭ್ಯಾಸಬಲ, ಮ್ಯಾಲಕಿ ಚಪ್ಪಲಿಯಲ್ಲೇ ಓಡಿಬಂದು ಕೈ ಚಾಚಿದ. ಹೊನೋರಾ ಆ ಕೈ ಕುಲುಕಿ, ಗೇರ್ ಹಾಕಿ ಹೊರಟಳು.